ಶಕ್ತಿಮಾನನೂ ಬಾಡಿಗೆಯೂ

1997ರ ಸೆಪ್ಟೆಂಬರ್ 13ರಂದು ದೂರದರ್ಶನದಲ್ಲಿ 'ಶಕ್ತಿಮಾನ್' ಎಂಬ ಹಿಂದೀ ಸರಣಿ ಮೊದಲಾಯಿತು. ಕೇಬಲ್ಲಿಗೆ ಹಣ ತೆರಲಾರದ ಮನೆಗಳಿಗೆ, ನಮ್ಮ ಘೋಣಸಗಿಯಂಥ ಹಳ್ಳಿಗಳಿಗೆ, ಬರಿಯ ಆಂಟೆನಾದಿಂದ ದೊರಕುತ್ತಿದ್ದುದು ದೂರದರ್ಶನವೊಂದೇ. 'ಮಹಾಭಾರತ'ದ ಭೀಷ್ಮನಾಗಿ ಮನೆಮಾತಾಗಿದ್ದ ಮುಕೇಶ್ ಖನ್ನಾ ಇಲ್ಲಿ ಪತ್ರಿಕೆಯೊಂದರ ಛಾಯಾಗ್ರಾಹಕ ಗಂಗಾಧರನಾದರು. ಆಪತ್ತು ಬಂದಾಗ ಗಿರ್ರನೆ ತಿರುಗಿ ಶಕ್ತಿಮಾನ್ ಆದರು. ಅಮೆರಿಕದ ಸೂಪರ್‌ಮ್ಯಾನ್ ಬೇರೊಂದು ಗ್ರಹದವನು. ಇವನ ಬಲವೋ ಯೋಗಸಾಧನೆಯದು. ಮಕ್ಕಳು ಮರುಳಾದುದರಲ್ಲಿ ಆಶ್ಚರ್ಯವೇನು?

ಆದರೆ ಅವನು ಬಂದು ಕಾಪಾಡುವನೆಂದು ನಂಬಿ ಕೆಲವು ಮಕ್ಕಳು ಅಪಾಯಕ್ಕೆ ಸಿಲುಕಿದರೆಂಬ ಸುದ್ದಿಗಳು ಬಂದವು. ದೇಶದಲ್ಲೆಲ್ಲ ಗುಲ್ಲೆದ್ದಿತು. ಖನ್ನಾ ತೆರೆಯ ಮೇಲೆಯೇ ನಿಂತು, ಇದನ್ನು ಅನುಕರಿಸಬೇಡಿರೆಂದು ಬುದ್ಧಿ ಹೇಳಬೇಕಾಯಿತು. ಮಕ್ಕಳಿಗೆ ಅವರು ಹೇಳುತ್ತಿದ್ದ ಕಿರುನೀತಿಪಾಠವನ್ನು ಅಂದಿನ ಮಕ್ಕಳು ಇಂದಿಗೂ ನೆನೆಯುತ್ತಾರೆ.

ಸರಣಿ 2005ರಲ್ಲಿ ನಿಂತಿತು. ದೂರದರ್ಶನ ಪ್ರಸಾರದ ಶುಲ್ಕವನ್ನು ಏರಿಸುತ್ತ ಹೋದುದೇ ಕಾರಣವೆಂದು ಖನ್ನಾ ಹೇಳಿದ್ದಾರೆ. ವ್ಯಾಪಾರ ಕುದುರಿದೊಡನೆ ಬಾಡಿಗೆ ಏರಿಸುವ ಮಾಲೀಕನನ್ನು ನಮ್ಮ ಅಂಗಡಿಕಾರರು ಚೆನ್ನಾಗಿ ಬಲ್ಲರು. ಜನರ ಹಣದಿಂದ ಬೆಳೆದ ಸಂಸ್ಥೆಯೂ ಅದೇ ದಾರಿ ಹಿಡಿದರೆ ಬಡವರ ಮಕ್ಕಳ ಪಾಲಿಗೆ ಉಳಿಯುವುದೇನು? ಮಕ್ಕಳ ಕಾರ್ಯಕ್ರಮವನ್ನು ಲಾಭದ ತಕ್ಕಡಿಯಲ್ಲಿ ತೂಗಕೂಡದೆಂಬುದು ನಮ್ಮ ಖಚಿತ ಅಭಿಪ್ರಾಯ.

ಮಕ್ಕಳಿಗೆ ವೀರಕಥೆ ಬೇಕು, ನಿಜ. ಅದರೊಡನೆ ಇನ್ನೊಂದು ಮಾತನ್ನೂ ತಾಯಿತಂದೆಗಳು ಹೇಳಿಕೊಡಲಿ: ಗಿರಣಿಯಲ್ಲಿ ಕೂಲಿ ಹೆಚ್ಚಿದ್ದು ಆಕಾಶದಿಂದ ಯಾರೋ ಹಾರಿಬಂದುದರಿಂದಲ್ಲ, ಕೂಲಿಕಾರರು ಒಗ್ಗಟ್ಟಾಗಿ ನಿಂತುದರಿಂದ.