ಕೊಡದೆ ಕೊಂಡ ಮುಖ

ದೇಶವಿದೇಶಗಳ ಪ್ರವಾಸಚಿತ್ರಗಳಲ್ಲಿ ನಮ್ಮ ಶ್ರಾವಕ-ಶ್ರಾವಿಕೆಯರು ಕಾಣಿಸಿಕೊಳ್ಳುವುದನ್ನು ಧರ್ಮಪ್ರಭಾವನೆಯೆಂದು ಬಗೆದು ಹರ್ಷಿಸುವವರು ನಮ್ಮಲ್ಲಿ ಬಹುಮಂದಿ. ಆ ಹರ್ಷದಲ್ಲಿ ನಾನು ಭಾಗಿಯಲ್ಲ.

2018ರ ಮಹಾಮಸ್ತಕಾಭಿಷೇಕದ ಸಮಯ. ಶ್ರವಣಬೆಳಗೊಳದ ವಿಂಧ್ಯಗಿರಿಯನ್ನು ಎಪ್ಪತ್ತು ದಾಟಿದ ಶ್ರಾವಿಕೆಯೊಬ್ಬರು ಉಪವಾಸದಲ್ಲಿದ್ದೂ ಬರಿಗಾಲಿನಲ್ಲಿ ಏರುತ್ತಿದ್ದರು. ಚಿತ್ರತಂಡವೊಂದು ಅವರನ್ನು ತಡೆದು, ಹತ್ತು ಮೆಟ್ಟಿಲು ಕೆಳಗಿಳಿಸಿ ಪುನಃ ಹತ್ತಿಸಿತು. ಬೆಳಕು ಸಾಲದೆಂದು ಮತ್ತೊಮ್ಮೆ. "ಇದೆಲ್ಲ ಯಾತಕ್ಕಪ್ಪಾ?" ಎಂದರು. "ಟಿ.ವಿ.ಯಲ್ಲಿ ಬರ್ತೀರಿ ಅಜ್ಜಿ." ಯಾವ ದೇಶದ ಟಿ.ವಿ., ಆ ಮುಖದ ಹಿನ್ನೆಲೆಯಲ್ಲಿ ಯಾರ ಮಾತು, ಯಾವುದನ್ನೂ ಹೇಳಲಿಲ್ಲ. ಅವರ ಹೆಸರನ್ನು ಸಹ ಕೇಳಲಿಲ್ಲ. ಪಕ್ಕದಲ್ಲೇ ನಿಂತಿದ್ದ ನಾನೂ ಸುಮ್ಮನಿದ್ದೆನೆಂಬುದನ್ನು ಮರೆಮಾಚಲಾರೆ.

ಕೊಡದಿರುವುದನ್ನು ಕೊಳ್ಳುವುದೇ ಸ್ತೇಯವೆಂದು ಉಮಾಸ್ವಾಮಿಗಳು ತತ್ತ್ವಾರ್ಥಸೂತ್ರದ ಏಳನೆಯ ಅಧ್ಯಾಯದಲ್ಲಿ ಹೇಳಿದ್ದಾರೆ. ಅಚೌರ್ಯಾಣುವ್ರತಕ್ಕೆ ಐದು ಅತಿಚಾರಗಳನ್ನೂ ಎಣಿಸಿದ್ದಾರೆ. ನಲವತ್ತು ವರ್ಷ ತಕ್ಕಡಿ ಹಿಡಿದ ನನಗೆ ಅವು ಅಂಗಡಿಯ ಗೋಡೆಯ ಪಂಚಾಂಗದಷ್ಟೇ ಪರಿಚಿತ. ಕಳುವಿಗೆ ಪ್ರೇರಿಸುವುದು, ಕದ್ದ ಮಾಲನ್ನು ಕೊಳ್ಳುವುದು, ಅಸಲಿಯ ಹೆಸರಿನಲ್ಲಿ ನಕಲಿಯನ್ನು ಮಾರುವುದು ಅವುಗಳಲ್ಲಿ ಸೇರಿವೆ. ಮೂರನೆಯ ಸಲ ಹತ್ತಿಸಿದ ಮೆಟ್ಟಿಲನ್ನು ಸಹಜ ಭಕ್ತಿಯೆಂದು ತೋರಿಸುವುದು ಪ್ರತಿರೂಪಕ ವ್ಯವಹಾರವಲ್ಲದೆ ಮತ್ತೇನು? ಕಲಬೆರಕೆ ತುಪ್ಪಕ್ಕೊಂದು ನ್ಯಾಯ, ಕಲಬೆರಕೆ ಭಕ್ತಿಗೊಂದು ನ್ಯಾಯವೇ?

"ಅವರೇ ನಗುತ್ತ ನಿಂತರಲ್ಲ, ಒಪ್ಪಿಗೆ ಇದ್ದಂತಾಯಿತಲ್ಲವೇ" ಎಂಬ ಆಕ್ಷೇಪ ಬರುತ್ತದೆ. ಪತ್ರ ಓದದೆ ಹಾಕಿದ ಹೆಬ್ಬೆಟ್ಟನ್ನು ಯಾವ ಸಾಹುಕಾರ ಧರ್ಮವೆಂದಾನು? ಸಂಕೋಚದಿಂದ ನಕ್ಕದ್ದು ದಾನವಲ್ಲ.

ಚಿತ್ರ ತೆಗೆಯುವವರೆಲ್ಲರೂ ಹೀಗೆಯೇ ಎಂದರೆ ಅನ್ಯಾಯವಾದೀತು. ಬಿ.ಬಿ.ಸಿ.ಗಾಗಿ 1988ರಲ್ಲಿ ಎಂಬತ್ತು ದಿನಗಳ ಭೂಪ್ರದಕ್ಷಿಣೆಯನ್ನು ಚಿತ್ರಿಸಿದ ಮೈಕೆಲ್ ಪೇಲಿನ್, ದುಬೈನಿಂದ ಮುಂಬೈಗೆ ಗುಜರಾತಿ ನಾವಿಕರ ಸರಕುನಾವೆಯಲ್ಲಿ ಸುಮಾರು ಒಂದು ವಾರ ಅವರೊಡನೆಯೇ ಉಂಡು ಮಲಗಿ ಬಂದರು. 2008ರಲ್ಲಿ ಆ ನಾವಿಕರನ್ನು ಹುಡುಕಿಕೊಂಡು ಪುನಃ ಹೋದರು. ಆ ಭೇಟಿಯೂ ಚಿತ್ರವಾಗಿಯೇ ಪ್ರಸಾರವಾಯಿತೆಂಬುದು ಬೇರೆ ಮಾತು. ಆದರೂ ಇಪ್ಪತ್ತು ವರ್ಷಗಳ ಮೇಲೆ ಆ ಮುಖಗಳು ನೆನಪಿದ್ದವಲ್ಲ! ನಮ್ಮ ಶ್ರಾವಿಕೆಯ ಮುಖವನ್ನು ಕೊಂಡೊಯ್ದವರು ಯಾರೆಂದು ಇಂದು ಹುಡುಕಿದರೂ ತಿಳಿಯದು.

ನನ್ನ ದೂರು ಮುಖ್ಯವಾಗಿ ಹೊರಗಿನವರ ಮೇಲಲ್ಲ, ಅನುಮತಿಪತ್ರಕ್ಕೆ ಮೊಹರು ಒತ್ತುವ ನಮ್ಮ ಟ್ರಸ್ಟುಗಳ ಮೇಲೆ. ಬಸದಿ ಟ್ರಸ್ಟಿನ ಆಡಳಿತದಲ್ಲಿದೆ. ಯಾತ್ರಿಕನ ಮುಖ ಟ್ರಸ್ಟಿನ ಸ್ವತ್ತಲ್ಲ. ಸಲ್ಲೇಖನದಲ್ಲಿರುವ ಕ್ಷಪಕರ ಕೊನೆಯ ಉಸಿರಂತೂ ಯಾರ ಸ್ವತ್ತೂ ಅಲ್ಲ. 2015ರಲ್ಲಿ ರಾಜಸ್ಥಾನ ಉಚ್ಚ ನ್ಯಾಯಾಲಯ ಸಲ್ಲೇಖನವನ್ನು ಆತ್ಮಹತ್ಯೆಗೆ ಸಮವೆಂದಾಗ, ಸರ್ವೋಚ್ಚ ನ್ಯಾಯಾಲಯ ಆ ತೀರ್ಪಿಗೆ ತಡೆ ನೀಡುವವರೆಗೆ ನಾವೆಲ್ಲ ಬೀದಿಗಿಳಿದಿದ್ದೆವು. ಆ ಶಯ್ಯೆಯ ಮುಂದೆ ಕ್ಯಾಮೆರಾ ನಿಂತಾಗ ಮಾತ್ರ ಮೌನವೇಕೆ?

ಅನುಮತಿಪತ್ರದಲ್ಲಿ ಒಂದು ಷರತ್ತು ಸೇರಲಿ: ವ್ಯಕ್ತಿಯ ಹೆಸರು ಕೇಳಿ, ಚಿತ್ರದ ಉದ್ದೇಶವನ್ನು ಅವರ ಭಾಷೆಯಲ್ಲೇ ತಿಳಿಸಿ, ಬೇಡವೆಂದರೆ ಅಲ್ಲಿಯೇ ಅಳಿಸಬೇಕು. ಒಪ್ಪದ ತಂಡಕ್ಕೆ ಬೆಟ್ಟದ ಬುಡದಿಂದಲೇ ಬೀಳ್ಕೊಡುಗೆ ಕೊಡಲಿ.