ಬೀಗದ ತೂಗಾಟ

ಮೊನ್ನೆ ಮಯೂರ್ ವಿಹಾರದ ನಮ್ಮ ಮನೆಯಲ್ಲಿ ಒಂದು ಮೀಟರು ದಾರಕ್ಕೆ ಬೀಗ ಕಟ್ಟಿ, 60 ಡಿಗ್ರಿ ಎಳೆದು ತೂಗಬಿಟ್ಟೆವು. ಪುಸ್ತಕದ ಸೂತ್ರದಂತೆ ಹತ್ತು ತೂಗಾಟಕ್ಕೆ 20.1 ಸೆಕೆಂಡು; ಗಡಿಯಾರ 21 ದಾಟಿತು! ಮಗರಾಯ ಪುಸ್ತಕದ ಅಂಕಿಯನ್ನೇ ಬರೆಯಹೊರಟ. ತಡೆದೆವು. ಆ ಸೂತ್ರ ಸಣ್ಣ ಕೋನಕ್ಕೆ ಮಾತ್ರವಷ್ಟೆ.

ಮ್ಯಾಕ್ಸಿಮಾ ಎಂಬ ತಂತ್ರಾಂಶ ಬಿಟ್ಟಿಯಾಗಿ ದೊರೆಯುತ್ತದೆ. ಅದರ ಮೂಲ 1968ರಲ್ಲಿ ಅಮೆರಿಕದ ಎಂ.ಐ.ಟಿ.ಯಲ್ಲಿ ಆರಂಭವಾದ ಕೆಲಸ. ಅಂಕಿಗಳಲ್ಲಷ್ಟೇ ಅಲ್ಲ, ಅಕ್ಷರಗಳಲ್ಲೂ ಬೀಜಗಣಿತ ಬಿಡಿಸಬಲ್ಲುದು. ಕೋನವನ್ನು ಸಣ್ಣದೆಂದು ಭಾವಿಸದೆ ಲೆಕ್ಕ ಹಾಕಿಸಿದೆವು. ರೇಡಿಯನ್ನಿನಲ್ಲಿ ಅಳೆದ ಕೋನದ ವರ್ಗವನ್ನು ಹದಿನಾರರಿಂದ ಭಾಗಿಸಿ, ಅಷ್ಟು ಪಾಲು ಕಾಲವನ್ನು ಹೆಚ್ಚಿಸುವುದೇ ಮೊದಲ ತಿದ್ದುಪಡಿ. ಉತ್ತರ 21.4!

ಹುಡುಗ ತಾನು ಕಂಡದ್ದನ್ನೇ ಬರೆದ. ನಮಗೆ ಅಷ್ಟೇ ಸಾಕಾಗಿತ್ತು. ರಜೆಯಲ್ಲಿ ತಾವೂ ಒಂದು ಬೀಗ ತೂಗಿ ನೋಡುವಿರಲ್ಲವೇ?