ಯಾವ ಸಾವಿತ್ರಿ?

ಹೆಸರು ಯಾವುದಾದರೇನು, ಕೂಗಿದಾಗ ಓಗೊಟ್ಟರೆ ಸಾಕು ಅನ್ನುವ ಜನ ಇದ್ದಾರೆ. ಈ ಮಾತು ಆಡುವವರು ತಲೆತಲಾಂತರದಿಂದ ಒಳ್ಳೊಳ್ಳೆ ಹೆಸರು ಇಟ್ಟುಕೊಂಡು, ಅದರ ಹಿಂದೆ ಒಂದು ‘ರಾವ್’ ಒಂದು ‘ಶರ್ಮ’ ಅಂಟಿಸಿಕೊಂಡು ಬಂದವರು. ಹೆಸರಿಗಾಗಿ ಉಗಿಸಿಕೊಂಡವರು ಹಾಗೆ ಮಾತಾಡುವುದಿಲ್ಲ.

ಗೆಳೆಯರೇ, ನಮ್ಮ ಕೇರಿಯ ಹೆಣ್ಣುಮಕ್ಕಳ ಹೆಸರುಗಳನ್ನು ಒಮ್ಮೆ ಜೋರಾಗಿ ಹೇಳಿನೋಡಿ. ಮಾರವ್ವ, ಕೆಂಪವ್ವ, ತಿಪ್ಪವ್ವ, ಸಾಕವ್ವ. ಹುಟ್ಟಿದ ಕೂಸುಗಳೆಲ್ಲ ಸತ್ತವು, ಇದೊಂದಾದರೂ ಉಳಿಯಲಿ ಅಂತ ತಿಪ್ಪೆ ಮೇಲೆ ಒಂದು ಗಳಿಗೆ ಮಲಗಿಸಿ ಎತ್ತಿಕೊಂಡ ಕೂಸು ತಿಪ್ಪವ್ವ. ಹೆಣ್ಣು ಹೆತ್ತದ್ದು ಸಾಕಪ್ಪಾ ಅಂತ ಕೈಮುಗಿದ ಮನೆಯ ಕೂಸು ಸಾಕವ್ವ. ಇವು ಹಸಿವಿನ ಹೆಸರು, ಸಾವಿನ ಹೆಸರು. ಇಂಥ ಹೆಸರನ್ನೂ ಊರಿನವರು ಪೂರ್ತಿ ಹೇಳುವುದಿಲ್ಲ. ‘ಅವ್ವ’ ಕಿತ್ತು ಹಾಕಿ ಮಾರಿ, ಕೆಂಪಿ, ತಿಪ್ಪಿ ಅನ್ನುತ್ತಾರೆ. ಐವತ್ತು ವರ್ಷದ ಮುದುಕಿಯನ್ನು ಗೌಡರ ಮನೆಯ ಐದು ವರ್ಷದ ಹುಡುಗ “ಏ ಕೆಂಪೀ” ಅಂತ ಕೂಗುತ್ತಾನೆ. ಅವಳು “ಯಾನ ಬುದ್ದೀ” ಅನ್ನಬೇಕು.

ಇದು ತಾನಾಗಿ ಬೆಳೆದು ಬಂದದ್ದಲ್ಲ, ಬರೆದಿಟ್ಟದ್ದು. ಮನುಸ್ಮೃತಿಯ ಎರಡನೆಯ ಅಧ್ಯಾಯದಲ್ಲಿ ನಾಮಕರಣದ ವಿಧಿ ಇದೆ. ಬ್ರಾಹ್ಮಣನ ಹೆಸರು ಮಂಗಳವಾಗಿರಬೇಕು, ಕ್ಷತ್ರಿಯನದು ಬಲ ತೋರಬೇಕು, ವೈಶ್ಯನದು ಹಣ ತೋರಬೇಕು, ಶೂದ್ರನ ಹೆಸರು ಕೇಳಿದರೆ ಅಸಹ್ಯ ಹುಟ್ಟಬೇಕು. ಶೂದ್ರನಿಗೇ ಈ ಗತಿ, ಇನ್ನು ಊರಾಚೆಯ ನಮಗೆ ಆ ಪಟ್ಟಿಯಲ್ಲಿ ಜಾಗವೇ ಇಲ್ಲ. ಹೆಂಗಸಿನ ಹೆಸರು ಬಾಯಿಗೆ ಸುಲಭವಾಗಿ, ಮನಸ್ಸಿಗೆ ಹಿತವಾಗಿ, ದೀರ್ಘಾಕ್ಷರದಲ್ಲಿ ಮುಗಿಯಬೇಕಂತೆ. ಮೂರನೆಯ ಅಧ್ಯಾಯಕ್ಕೆ ಬಂದರೆ, ಎಂಥ ಹೆಸರಿನ ಹುಡುಗಿಯನ್ನು ಮದುವೆಯಾಗಬಾರದು ಅಂತ ಇನ್ನೊಂದು ಪಟ್ಟಿ. ನಕ್ಷತ್ರದ ಹೆಸರಿನವಳು ಬೇಡ, ಮರ, ನದಿ, ಬೆಟ್ಟ, ಹಕ್ಕಿ, ಹಾವಿನ ಹೆಸರಿನವಳು ಬೇಡ, ಅಂತ್ಯಜರ ಹೆಸರಿನವಳು ಬೇಡ, ಆಳಿನ ಹೆಸರಿನವಳು ಬೇಡ. ರೋಹಿಣಿ, ಗಂಗಾ, ಕಾವೇರಿ ಅಂತ ಮಕ್ಕಳಿಗೆ ಹೆಸರಿಟ್ಟ ಅಗ್ರಹಾರದವರು ತಮಗೆ ಬೇಡವಾದ ಕಡೆ ಮನುವನ್ನು ಸದ್ದಿಲ್ಲದೆ ಬಿಟ್ಟರು. ನಮ್ಮ ವಿಷಯಕ್ಕೆ ಬಂದಾಗ ಮಾತ್ರ ಒಂದಕ್ಷರ ಬಿಡಲಿಲ್ಲ. ಬಾಬಾಸಾಹೇಬರು 1927ರ ಡಿಸೆಂಬರ್ 25ರಂದು ಮಹಾಡದಲ್ಲಿ ಈ ಪುಸ್ತಕಕ್ಕೆ ಬೆಂಕಿ ಹಚ್ಚಿಸಿದ್ದು ಯಾಕೆ ಅಂತ ಇನ್ನೂ ಕೇಳುವವರಿಗೆ ಈ ಎರಡು ಪಟ್ಟಿ ಸಾಕು.

ಈಗ ಒಂದೇ ಒಂದು ಹೆಸರು ಹಿಡಿದುಕೊಳ್ಳೋಣ. ಸಾವಿತ್ರಿ. ಕರ್ನಾಟಕದಲ್ಲಿ ಈ ಹೆಸರಿಲ್ಲದ ಊರಿಲ್ಲ. ಅಗ್ರಹಾರದಲ್ಲಿ ಸಾವಿತ್ರಮ್ಮನವರು, ಬಡಗಣ ಸೀಮೆಯ ಹೊಲದಲ್ಲಿ ಸಾವಂತ್ರೆವ್ವ, ನಮ್ಮ ಕಡೆ ಕಳೆ ಕೀಳುವ ಸಾಲಿನಲ್ಲಿ ಬರೀ ಸಾಯಿತ್ರಿ. ಸಾವನ್ನು ಗೆದ್ದವಳಾದ್ದರಿಂದ ಸಾವಿತ್ರಿ ಅಂತ ಹರಿಕತೆ ದಾಸರು ಕನ್ನಡದಲ್ಲೇ ಬಿಡಿಸಿ ಚಪ್ಪಾಳೆ ಹೊಡೆಸಿಕೊಳ್ಳುತ್ತಾರೆ. ಕೇಳಲು ಚಂದ, ಆದರೆ ಸುಳ್ಳು. ಇದು ಸಂಸ್ಕೃತದ ಶಬ್ದ. ‘ಸೂ’ ಎಂದರೆ ಪ್ರೇರೇಪಿಸು, ಎಬ್ಬಿಸಿ ನಡೆಸು. ಹಾಗೆ ಎಬ್ಬಿಸುವ ಸೂರ್ಯ ಸವಿತೃ. ಅವನಿಗೆ ಸಂಬಂಧಪಟ್ಟವಳು ಸಾವಿತ್ರಿ.

ಹಾಗಾದರೆ ಮೊದಲ ಸಾವಿತ್ರಿ ಯಾರು? ಹೆಂಗಸಲ್ಲ, ಒಂದು ಮಂತ್ರ. ಋಗ್ವೇದದ ಮೂರನೆಯ ಮಂಡಲದಲ್ಲಿ ಸವಿತೃವನ್ನು ಕುರಿತ ಒಂದು ಋಕ್ಕಿದೆ. ಛಂದಸ್ಸು ಗಾಯತ್ರಿಯಾದ್ದರಿಂದ ಜನ ಅದನ್ನು ಗಾಯತ್ರಿ ಅನ್ನುತ್ತಾರೆ. ಶಾಸ್ತ್ರಗಳು ಅದನ್ನೇ ಸಾವಿತ್ರಿ ಅನ್ನುತ್ತವೆ. ಉಪನಯನದಲ್ಲಿ ವಟುವಿನ ಕಿವಿಯಲ್ಲಿ ಊದುವುದು ಇದನ್ನೇ. ಬ್ರಾಹ್ಮಣನಿಗೆ 16, ಕ್ಷತ್ರಿಯನಿಗೆ 22, ವೈಶ್ಯನಿಗೆ 24 ವರ್ಷದೊಳಗೆ ಇದು ಸಿಗದಿದ್ದರೆ ಅವನು ಸಾವಿತ್ರೀಪತಿತ, ಜಾತಿಗೆಟ್ಟವನು ಅಂತ ಮನು ಹೇಳುತ್ತಾನೆ. ಎರಡನೆಯ ಹುಟ್ಟಿನಲ್ಲಿ ಗುರುವೇ ತಂದೆ, ಸಾವಿತ್ರಿಯೇ ತಾಯಿ ಅಂತಲೂ ಹೇಳುತ್ತಾನೆ.

ಇಲ್ಲಿ ಸ್ವಲ್ಪ ನಿಲ್ಲಬೇಕು. ಒಂಬತ್ತು ತಿಂಗಳು ಹೊತ್ತು, ರಕ್ತ ಸುರಿಸಿ ಹೆತ್ತವಳ ಹುಟ್ಟು ಇವರಿಗೆ ಸಾಲಲಿಲ್ಲ. ಅದು ಮೈಲಿಗೆಯ ಹುಟ್ಟು. ಶುದ್ಧವಾಗಿ ಇನ್ನೊಂದು ಸಲ ಹುಟ್ಟಬೇಕು, ಗಂಡಸಿನ ಬಾಯಿಂದ ಗಂಡಸಿನ ಕಿವಿಗೆ. ಆ ಹುಟ್ಟಿಗೂ ಒಬ್ಬಳು ತಾಯಿ ಬೇಕಾಯಿತು, ಅದಕ್ಕೆ ಮಂತ್ರಕ್ಕೇ ಹೆಣ್ಣಿನ ಹೆಸರಿಟ್ಟರು. ಆ ಹೆಸರಿನ ಮಂತ್ರವನ್ನು ನಿಜವಾದ ಹೆಣ್ಣು ನುಡಿಯಕೂಡದು! ಸಾವಿತ್ರಿಯನ್ನು ಹೆಂಗಸಿಗೂ ಶೂದ್ರನಿಗೂ ಕೊಡಬಾರದು, ಅವರು ಅದನ್ನು ತಿಳಿದರೆ ಸತ್ತ ಮೇಲೆ ಅಧೋಗತಿಗೆ ಇಳಿಯುತ್ತಾರೆ ಅಂತ ನೃಸಿಂಹತಾಪನೀಯ ಉಪನಿಷತ್ತು ಹೇಳುತ್ತದೆ. ಉಪನಿಷತ್ತುಗಳೆಲ್ಲ ಬರೀ ಜ್ಞಾನ, ಜಾತಿ ಅದರಲ್ಲಿಲ್ಲ ಅಂತ ಭಾಷಣ ಬಿಗಿಯುವ ಪಂಡಿತರು ಇದನ್ನು ಓದಿಯೂ ಮುಚ್ಚಿಡುತ್ತಾರೆ. ‘ಬಹಳ ಹಿಂದೆ ಹೆಂಗಸರಿಗೂ ಉಪನಯನ ಇತ್ತು’ ಎಂಬುದು ಅವರ ಇನ್ನೊಂದು ವರಸೆ. ಇದ್ದರೆ ಕಿತ್ತುಕೊಂಡವರು ಯಾರು ಸ್ವಾಮಿ? ನಾವೇನು?

ಮಂತ್ರ ಆದಮೇಲೆ ದೇವತೆ. ಸಾವಿತ್ರಿಯನ್ನು ಬ್ರಹ್ಮನ ಹೆಂಡತಿ ಮಾಡಿದರು. ಪದ್ಮಪುರಾಣದ ಕತೆಯಲ್ಲಿ ಯಜ್ಞದ ಹೊತ್ತಿಗೆ ಅವಳು ಬರುವುದು ತಡವಾಯಿತಂತೆ. ಅಷ್ಟಕ್ಕೇ ಬ್ರಹ್ಮ ದನ ಕಾಯುವವರ ಹುಡುಗಿ ಗಾಯತ್ರಿಯನ್ನು ತಂದು ಪಕ್ಕಕ್ಕೆ ಕೂರಿಸಿಕೊಂಡ. ಒಂದೇ ಮಂತ್ರದ ಎರಡು ಹೆಸರು, ಅವೆರಡನ್ನೂ ಸವತಿಯರಾಗಿಸಿದ ಬುದ್ಧಿ ನೋಡಿ. ರಾಜಸ್ಥಾನದ ಪುಷ್ಕರದಲ್ಲಿ ಒಬ್ಬೊಬ್ಬಳಿಗೆ ಒಂದೊಂದು ಗುಡ್ಡದ ಮೇಲೆ ಗುಡಿ ಕಟ್ಟಿದ್ದಾರೆ.

ಆಮೇಲೆ ಬಂದವಳು ನಮಗೆಲ್ಲ ಗೊತ್ತಿರುವ ಸಾವಿತ್ರಿ, ಮಹಾಭಾರತದ ವನಪರ್ವದವಳು. ಮದ್ರದ ಅಶ್ವಪತಿಗೆ ಮಕ್ಕಳಿರಲಿಲ್ಲ, ಸಾವಿತ್ರಿ ಮಂತ್ರದಿಂದ 18 ವರ್ಷ ಹೋಮ ಮಾಡಿ ಪಡೆದ ಮಗಳು. ಈ ಹುಡುಗಿಯನ್ನು ನಾವು ಹೀಗಳೆಯುವುದಿಲ್ಲ. ಅವಳ ತೇಜಸ್ಸಿಗೆ ಹೆದರಿ ಯಾವ ಗಂಡೂ ಕೇಳಿಕೊಂಡು ಬರಲಿಲ್ಲ. ‘ನಿನ್ನ ಗಂಡನ್ನು ನೀನೇ ಹುಡುಕಿಕೋ’ ಅಂದ ಅಪ್ಪ. ರಥ ಹತ್ತಿ ಹೋದಳು. ರಾಜ್ಯ ಕಳೆದುಕೊಂಡ ಕುರುಡನ ಮಗ, ಕಾಡಿನಲ್ಲಿ ಬದುಕುವ ಸತ್ಯವಾನನನ್ನು ಆರಿಸಿದಳು. ಒಂದೇ ವರ್ಷಕ್ಕೆ ಸಾಯುತ್ತಾನೆ ಅಂತ ನಾರದ ಹೇಳಿದರೂ ಮಾತು ಬದಲಿಸಲಿಲ್ಲ. ಯಮ ಬಂದು ಪ್ರಾಣ ಎಳೆದುಕೊಂಡು ಹೊರಟಾಗ ಅಳುತ್ತಾ ಕೂರದೆ ಹಿಂದೆಯೇ ನಡೆದಳು, ಮಾತಿಗೆ ಮಾತು ಕೊಟ್ಟಳು. ಮಾವನ ಕಣ್ಣು, ಮಾವನ ರಾಜ್ಯ, ಅಪ್ಪನಿಗೆ ನೂರು ಮಕ್ಕಳು, ಕಡೆಗೆ ತನಗೂ ನೂರು ಮಕ್ಕಳು ಅಂತ ಗಿಟ್ಟಿಸಿ, ಗಂಡನಿಲ್ಲದೆ ಅವು ಹೇಗಾದವು ಅಂತ ಯಮನನ್ನೇ ಮೂಲೆಗೆ ತಳ್ಳಿದಳು. ಕೋರ್ಟಿನಲ್ಲಿ ನಿಂತ ಒಳ್ಳೆ ವಕೀಲೆಯ ಹಾಗಿದ್ದಾಳೆ.

ಇಂಥವಳಿಂದ ಪುರೋಹಿತಶಾಹಿ ಎತ್ತಿಕೊಂಡದ್ದೇನು? ಅವಳ ಆಯ್ಕೆಯನ್ನೇ? ವಾದವನ್ನೇ? ಉಪವಾಸವನ್ನು ಎತ್ತಿಕೊಂಡಿತು. ಜ್ಯೇಷ್ಠ ಹುಣ್ಣಿಮೆಯ ದಿನ ಆಲದ ಮರಕ್ಕೆ ನೂಲು ಸುತ್ತಿ ಏಳೇಳು ಜನ್ಮಕ್ಕೂ ಇವನೇ ಗಂಡನಾಗಲಿ ಅಂತ ಬೇಡುವ ವಟಸಾವಿತ್ರಿ ವ್ರತ ಹುಟ್ಟಿತು. ಮಹಾಭಾರತದ ಕತೆಯಲ್ಲಿ ಆ ನೂಲೂ ಇಲ್ಲ, ಆ ಸುತ್ತೂ ಇಲ್ಲ. ಮಗಳು ತಾನೇ ಗಂಡು ಹುಡುಕಿಕೊಂಡರೆ ಕೈಕಾಲು ಮುರಿಯುವ ಮನೆಗಳಲ್ಲೇ ಈ ವ್ರತ ಜೋರು! ಕೇರಿಯ ಹುಡುಗನನ್ನು ಆರಿಸಿದ ‘ಸಾವಿತ್ರಿ’ಯ ಪಾಲಿಗೆ ಯಮ ಹೊರಗಿನಿಂದ ಬರುವುದಿಲ್ಲ, ಅಪ್ಪ ಅಣ್ಣಂದಿರ ರೂಪದಲ್ಲಿ ಮನೆಯೊಳಗೇ ಇರುತ್ತಾನೆ.

ಅದೇ ಹುಣ್ಣಿಮೆ ನಮ್ಮ ಬೇಸಾಯದವರಿಗೆ ಕಾರಹುಣ್ಣಿಮೆ. ಎತ್ತಿನ ಮೈ ತೊಳೆದು, ಕೊಂಬಿಗೆ ಬಣ್ಣ ಬಳಿದು, ಕರಿ ಹರಿಯುವ ದಿನ. ದುಡಿದ ಎತ್ತಿಗೆ ವರ್ಷಕ್ಕೊಂದು ದಿನ ರಜ. ಆ ದಿನವೂ ಕೊಟ್ಟಿಗೆಯ ಸಗಣಿ ಬಾಚುವ ನಮ್ಮವ್ವಂದಿರಿಗೆ ರಜ ಇಲ್ಲ. ಈಚೆಗೆ ನಮ್ಮವರಲ್ಲೂ ನಾಲ್ಕು ಕಾಸು ಕಂಡ ಕೆಲವರು ಹೆಂಡಿರನ್ನು ಆಲದ ಮರಕ್ಕೆ ಕಳಿಸುತ್ತಿದ್ದಾರೆ. ಅಣ್ಣಂದಿರಾ, ಕೂಡಾವಳಿ, ಸೀರುಡಿಕೆ, ಹೊಂದದಿದ್ದರೆ ಬಿಟ್ಟು ಇನ್ನೊಬ್ಬನ ಜೊತೆ ಬಾಳುವ ದಾರಿ ನಮ್ಮ ಹೆಂಗಸರಿಗಿತ್ತು. ಆ ದಾರಿಗೆ ಬೇಲಿ ಹಾಕಿ ಏಳು ಜನ್ಮದ ನೂಲು ತಂದುಕೊಳ್ಳುತ್ತಿದ್ದೀರಲ್ಲ, ಇದು ಏಳಿಗೆಯೇ?

1831ರ ಜನವರಿ 3ರಂದು ಮಹಾರಾಷ್ಟ್ರದ ಸಾತಾರಾ ಸೀಮೆಯ ನಾಯಗಾಂವ್‌ನಲ್ಲಿ, ಮಾಲಿ ಜಾತಿಯ ಮನೆಯಲ್ಲಿ ಒಂದು ಹೆಣ್ಣು ಹುಟ್ಟಿತು. ಸಾವಿತ್ರಿ ಅಂತಲೇ ಹೆಸರಿಟ್ಟರು. ಪತಿವ್ರತೆಯ ಹೆಸರಾದ್ದರಿಂದ ಶೂದ್ರರ ಮನೆಗೆ ಅದು ಬರಲು ಯಾರ ಅಡ್ಡಿಯೂ ಇರಲಿಲ್ಲ. ಹೆಸರು ಬಂತು, ಅಕ್ಷರ ಬರಲಿಲ್ಲ. 1840ರಲ್ಲಿ, ಒಂಬತ್ತರ ವಯಸ್ಸಿಗೆ, ಹದಿಮೂರರ ಜೋತಿರಾವ್ ಫುಲೆಯ ಜೊತೆ ಮದುವೆ. ಅಕ್ಷರ ಕಲಿತದ್ದು ಆಮೇಲೆ. 1848ರಲ್ಲಿ ಪುಣೆಯ ಭಿಡೆ ವಾಡೆಯಲ್ಲಿ ಹೆಣ್ಣುಮಕ್ಕಳ ಶಾಲೆ ತೆರೆದು ಪಾಠಕ್ಕೆ ನಿಂತಳು. ದಾರಿಯಲ್ಲಿ ಸಗಣಿ, ಕೆಸರು ಎರಚಿದರು. ಚೀಲದಲ್ಲಿ ಇನ್ನೊಂದು ಸೀರೆ ಇಟ್ಟುಕೊಂಡು ಹೋಗಿ, ಶಾಲೆಯಲ್ಲಿ ಉಟ್ಟು ಪಾಠ ಹೇಳಿದಳು. ಸಾವಿತ್ರಿ ಎಂದರೆ ಎಬ್ಬಿಸುವವನಿಗೆ ಸೇರಿದ್ದು ತಾನೆ? ಕಿವಿಯಲ್ಲಿ ಗುಟ್ಟಾಗಿ ಊದುತ್ತಿದ್ದುದನ್ನು ಹಲಗೆಯ ಮೇಲೆ ಬರೆದು, ಬಾಗಿಲು ತೆರೆದಿಟ್ಟು, ಮಹಾರ ಮಾಂಗರ ಮಕ್ಕಳಿಗೂ ಹೇಳಿದವಳು ಇವಳು.

ಫುಲೆ ದಂಪತಿಯ ಶಾಲೆಯಲ್ಲಿ ಓದಿದ ಮಾಂಗ ಜಾತಿಯ ಹುಡುಗಿ ಮುಕ್ತಾ ಸಾಳ್ವೆ 1855ರಲ್ಲಿ ಮಹಾರ ಮಾಂಗರ ದುಃಖದ ಬಗ್ಗೆ ಒಂದು ಪ್ರಬಂಧ ಬರೆದಳು, ‘ಜ್ಞಾನೋದಯ’ ಪತ್ರಿಕೆಯಲ್ಲಿ ಅಚ್ಚಾಯಿತು. ವೇದ ಬ್ರಾಹ್ಮಣರದ್ದಾದರೆ ನಮ್ಮ ಧರ್ಮ ಯಾವುದು ಅಂತ ದೇವರನ್ನೇ ಕೇಳಿದ ಹುಡುಗಿ ಅವಳು. ದ್ವಿಜರ ಸಾವಿತ್ರಿಗೆ ಹುಟ್ಟಿದವರು ಜನಿವಾರ ತೊಟ್ಟರು. ಪುಣೆಯ ಸಾವಿತ್ರಿಗೆ ಹುಟ್ಟಿದವಳು ಪ್ರಶ್ನೆ ಕೇಳಿದಳು.

1890ರಲ್ಲಿ ಜೋತಿರಾವ್ ತೀರಿಕೊಂಡರು. ಇವಳು ಯಮನ ಹಿಂದೆ ಹೋಗಿ ಗಂಡನನ್ನು ಬೇಡಲಿಲ್ಲ. ಹೆಂಗಸು ಹಿಡಿಯಬಾರದ ಮಡಕೆಯನ್ನು ಹಿಡಿದು ಶವಯಾತ್ರೆಯ ಮುಂದೆ ನಡೆದಳು, ಆಮೇಲೆ ಸತ್ಯಶೋಧಕ ಸಮಾಜವನ್ನು ಮುಂದೆ ನಡೆಸಿದಳು. ಯಮನ ಜೊತೆ ಜಗಳಕ್ಕೆ ಬಿದ್ದದ್ದು 1897ರ ಪ್ಲೇಗಿನಲ್ಲಿ, ಅದೂ ಪರರ ಮಗುವಿಗಾಗಿ. ರೋಗ ಬಡಿದ ಮಹಾರ ಹುಡುಗನೊಬ್ಬನನ್ನು ಬೆನ್ನ ಮೇಲೆ ಹೊತ್ತು ಆಸ್ಪತ್ರೆಗೆ ತಂದಳು. ಆ ರೋಗವೇ ಅಂಟಿ ಮಾರ್ಚ್ 10ರಂದು ತೀರಿಕೊಂಡಳು.

ಈಗ ಜನವರಿ 3 ಬಂತೆಂದರೆ ನಮ್ಮ ಸಂಘಟನೆಗಳೂ ಫೋಟೋ ಇಡುತ್ತವೆ. ಒಳ್ಳೆಯದು. ಆದರೆ ವೇದಿಕೆಯ ಮೇಲೆ ಎಂಟು ಕುರ್ಚಿ ಹಾಕಿದರೆ ಏಳರಲ್ಲಿ ಗಂಡಸರು. ‘ಅಕ್ಷರದವ್ವ’ ಅಂತ ಗಂಟಲು ಹರಿದುಕೊಳ್ಳುವ ಕಾಮ್ರೇಡು ಮಧ್ಯಾಹ್ನದ ಊಟಕ್ಕೆ ಹೆಂಡತಿಯನ್ನು ಒಲೆ ಮುಂದೆ ಕೂರಿಸಿ ಬಂದಿರುತ್ತಾನೆ. ಮಂತ್ರವಾಗಿದ್ದವಳನ್ನು ದೇವಿ ಮಾಡಿ ಕೂರಿಸಿದವರ ಕೆಲಸವನ್ನೇ ನಾವೂ ಮಾಡುವುದಾದರೆ ಅವರಿಗೂ ನಮಗೂ ಹಾರದ ಹೂವಿನಲ್ಲಷ್ಟೇ ವ್ಯತ್ಯಾಸ.

ಹಳ್ಳಿಯ ಮೇಷ್ಟರೇ, ಮೇಡಂನೋರೇ, ನಿಮಗೊಂದು ಮಾತು. ಜೂನ್ ತಿಂಗಳಲ್ಲಿ ಕೇರಿಯ ಅವ್ವ ಮಗಳನ್ನು ಶಾಲೆಗೆ ಸೇರಿಸಲು ತಂದು “ತಿಪ್ಪವ್ವ ಅಂತ ಬರ್ಕಳಿ ಸಾ” ಅಂದಾಗ, ‘ಇದೂ ಒಂದು ಹೆಸರಾ, ಸಾವಿತ್ರಿ ಅಂತ ಬರೀತೀನಿ’ ಅಂತ ನಿಮ್ಮಷ್ಟಕ್ಕೆ ನೀವೇ ಬರೆಯಬೇಡಿ. ಆ ಹೆಸರು ಹೇಗೆ ಬಂತು ಅಂತ ಅವಳನ್ನೇ ಕೇಳಿ, ಅವಳು ಹೇಳಿದಂತೆ ಬರೆಯಿರಿ. ಸಾವಿತ್ರಿ ಅಂತ ಅವಳೇ ಹೇಳಿದರೆ ಪುಣೆಯ ದಾರಿ, ಚೀಲದೊಳಗಿನ ಇನ್ನೊಂದು ಸೀರೆ, ಎಲ್ಲವನ್ನೂ ಆ ಹುಡುಗಿಗೆ ಹೇಳಿ. ಹಾಜರಿ ಕೂಗುವಾಗ ಮಾತ್ರ ಯಾವ ಹೆಸರಾದರೂ ಪೂರ್ತಿ ಕೂಗಿ. ತಿಪ್ಪಿ ಅಲ್ಲ, ಸಾಯಿತ್ರಿ ಅಲ್ಲ. ಹಿಂದಿನ ಬೆಂಚಿನಿಂದ ಗೌಡರ ಹುಡುಗ ನಕ್ಕರೆ, ಅವನನ್ನು ಎದ್ದು ನಿಲ್ಲಿಸಿ ಅವಳ ಹೆಸರನ್ನು ಅವನ ಬಾಯಿಂದಲೇ ಇನ್ನೊಮ್ಮೆ ಹೇಳಿಸಿ.